ಆರತಿ ಹಾಡಿನ ಜಾಗದಲ್ಲಿ

ಮೊನ್ನೆ ಹಿಂದವಾಡಿಯ ನನ್ನ ವಿಡಿಯೋ ಸ್ಟುಡಿಯೋದಲ್ಲಿ ಹಳೇ ವಿಸಿಆರ್ ಒರೆಸಲೆಂದು ಸ್ಪಿರಿಟ್ ಬಾಟಲಿ ಬಿಚ್ಚಿದ್ದೇ ತಡ, ಖಾನಾಪುರದ ಮನೆಯ ನಡುಕೋಣೆ ಮೂಗಿಗೆ ಬಂತು. ಅಲ್ಲಿ ನನ್ನ ಕಾಕಾ ಸ್ಪಿರಿಟ್ಟಿನಲ್ಲಿ ಅದ್ದಿದ ಅರಿವೆಯಿಂದ ವಿಸಿಆರ್ ಒರೆಸಿಕೊಂಡು, ಮದುವೆ ಕ್ಯಾಸೆಟ್ಟುಗಳಿಗೆ ಸಿನಿಮಾ ಹಾಡು ಕೂಡಿಸುತ್ತಿದ್ದ. ಅವನಿಗೆ ಯಂತ್ರ ಗೊತ್ತಿತ್ತು, ತಾಳ ಗೊತ್ತಿರಲಿಲ್ಲ. ತಾಳ ಇದ್ದದ್ದು ಗಂಗತ್ತೆಯ ಕೈಯಲ್ಲಿ. ಅವಳು ಅಪ್ಪನ ಅಕ್ಕ. ಗಂಡ ಸತ್ತ ಮೇಲೆ ನಮ್ಮಲ್ಲೇ ಇದ್ದಳು. ಅಕ್ಕಿ ಆರಿಸುತ್ತ, ಹಾಡು ಕೇಳುತ್ತ, ಮೊರದ ಅಂಚಿಗೆ ಬೆರಳು ಬಡಿಯುತ್ತಿದ್ದಳು. ಬೆರಳು ಬಿದ್ದಲ್ಲಿ ಕಾಕಾ ಚಿತ್ರ ಬದಲಿಸುತ್ತಿದ್ದ. ಪಕ್ಕದಲ್ಲಿ ಕೂರಿಸಿಕೊಂಡು ನನಗೂ ಕಲಿಸಿದಳು. "ಪ್ರತಿ ಪೆಟ್ಟಿಗೂ ಕತ್ತರಿ ಹಾಕಬ್ಯಾಡವಾ. ಮಂದಿಗೆ ಮಾರಿ ನೋಡಾಕ ಒಂದೀಟು ಪುರಸೊತ್ತು ಕೊಡು," ಅನ್ನುತ್ತಿದ್ದಳು.

ವಿಧವೆಯೆಂದು ಮದುವೆಗಳಲ್ಲಿ ಅವಳನ್ನು ಆರತಿಗೆ ಮುಂದೆ ಬರಗೊಡುತ್ತಿರಲಿಲ್ಲ. ಆದರೆ ಆರತಿ ಹಾಡು ಪೂರ್ತಿ ಬರುತ್ತಿದ್ದದ್ದು ಅವಳೊಬ್ಬಳಿಗೇ. ಹೀಗಾಗಿ ಬಾಗಿಲ ಹಿಂದೆ ನಿಂತು ಹಾಡುವವಳು ಅವಳು, ತಾಟು ಹಿಡಿದು ತುಟಿ ಅಲ್ಲಾಡಿಸುವವರು ಮುಂದಿನವರು. ಈ ನಾಚಿಕೆಗೇಡಿನ ಏರ್ಪಾಟು ಆಗ ಯಾರಿಗೂ ವಿಚಿತ್ರವೆನಿಸಿರಲಿಲ್ಲ. ಅಕ್ಕನ ಮದುವೆಯಲ್ಲೂ ಹಾಗೇ ಆಯಿತು. ನನಗಾಗ ಹದಿನಾಲ್ಕು. ಆ ಕ್ಯಾಸೆಟ್ಟು ನಾನೇ ಮಾಡುತ್ತೇನೆಂದು ಹಟ ಹಿಡಿದೆ; ಕಾಕಾ ಒಪ್ಪಿದ. ಆರತಿಗೆ ಬಂದಾಗ ಅತ್ತೆಯ ದನಿ ಹಳೇ ಕಾಲದ್ದು ಅನಿಸಿತು. ಅದನ್ನು ಪೂರಾ ತೆಗೆದು, ಕುಣಿಯುವ ಸಿನಿಮಾ ಹಾಡು ಹಾಕಿ, ಡೋಲಿನ ಒಂದೊಂದು ಪೆಟ್ಟಿಗೂ ಒಂದೊಂದು ಮುಖ ಜೋಡಿಸಿದೆ. ಎಂಥ ಜಂಬ ನನಗೆ! ಇಡೀ ಮನೆ ಟಿವಿ ಮುಂದೆ ಕೂತಿತು. ಎಲ್ಲರಿಗಿಂತ ಮೊದಲು ಬಂದು ಚಾಪೆಯ ಮೇಲೆ ಜಾಗ ಹಿಡಿದವಳು ಗಂಗತ್ತೆ. ಆರತಿ ಬಂತು, ಹೋಯಿತು. ಆ ಮದುವೆಯಲ್ಲಿ ಅವಳು ಇದ್ದದ್ದು ದನಿಯಾಗಿ ಮಾತ್ರ ಅನ್ನುವುದು ಅವಳ ಮುಖ ನೋಡಿದಾಗ ನನಗೆ ಹೊಳೆಯಿತು. ಅವಳು ಬೈಯಲಿಲ್ಲ. "ತಾಳ ಒಂದೂ ತಪ್ಪಿಲ್ಲ ನೋಡವಾ," ಎಂದು ನನ್ನ ತಲೆ ಸವರಿ ಒಳಗೆ ಹೋದಳು. ಸರಿಪಡಿಸೋಣವೆಂದರೆ, ಕ್ಯಾಮೆರಾದ ಮೂಲ ಕ್ಯಾಸೆಟ್ಟಿನ ಮೇಲೆ ಕಾಕಾ ಆಗಲೇ ಬೇರೆಯವರ ಮದುವೆ ತುಂಬಿಬಿಟ್ಟಿದ್ದ.

ಗಂಗತ್ತೆ ಹೋದಳು, ಕಾಕಾ ಹೋದ, ಆ ಮನೆ ಈಗ ಯಾರದೋ ಗೋದಾಮು. ನಿಮ್ಮ ಮನೆಯಲ್ಲೂ ಹೀಗೆ ಯಾರದೋ ದನಿ ಉಳಿಯದೇ ಹೋಗಿರಬಹುದು. ನಮ್ಮ ಮನೆಯದನ್ನು ನಾನು ಕೈಯಾರೆ ಕಳೆದೆ. ಹೋದ ವಾರ ಅಕ್ಕನ ಮಗಳು ಫೋನ್ ಮಾಡಿದಳು. ಅವಳ ಮದುವೆ ಗೊತ್ತಾಗಿದೆ. "ಮೌಶಿ, ನನ್ನ ಆರತಿಗೆ ಗಂಗಜ್ಜಿ ಹಾಡಿದ್ದ ಹಾಕೂಣು. ಅವ್ವನ ಮದುವಿ ಕ್ಯಾಸೆಟ್ ನಿನ್ನ ಕಡೇನ ಐತಂತಲ್ಲ?" ಅಕ್ಕನೂ ಅದನ್ನು ನೋಡಿ ಎಷ್ಟೋ ವರ್ಷವಾಯಿತು, ಅದರಲ್ಲೇನಿದೆ ಎಂಬುದನ್ನು ಮರೆತಿದ್ದಾಳೆ. ಹುಡುಕುತ್ತೇನೆ ಅಂದೆ. ನಿನ್ನೆ ಮತ್ತೆ ಕೇಳಿದಾಗ, ಕ್ಯಾಸೆಟ್ಟು ನನ್ನೆದುರಿಗೇ ನೆಟ್ಟಗಿದ್ದರೂ, ಬೂಷ್ಟು ಹಿಡಿದು ಹಾಳಾಗಿದೆ ಎಂದುಬಿಟ್ಟೆ. "ಇರಲಿ ಬಿಡ ಮೌಶಿ, ನೀ ಮನಸಿಗೆ ಹಚ್ಚಿಕೋಬ್ಯಾಡ," ಎಂದು ಆ ಹುಡುಗಿ ನನ್ನನ್ನೇ ಸಮಾಧಾನ ಮಾಡಿದಳು.