ಕಮಲಾಪುರದ ತಬಕು

ಕೋಳಿ ಕೂಗುವ ಹೊತ್ತಿಗೆ ಕಲಬುರಗಿ ಕೋಟೆಯ ಹಿಂದಿನಿಂದ ನಮ್ಮ ಬಂಡಿ ಹೊರಟಿತು. ಕಮಲಾಪುರಕ್ಕೆ ಏಳು ಹರದಾರಿ. ಬಾಡಿಗೆ ನಮ್ಮ ಸಂಸ್ಥಾನದ ಒಂದು ಹಾಲಿ ರೂಪಾಯಿ. ನಾನೂ ಶಿವರಾಯನೂ ಲಿಂಗವಂತರು. ನಮ್ಮ ಜೊತೆ ಓದಿದ ಖಾಸಿಂ ಜ್ವರದಿಂದ ತೀರಿಕೊಂಡಿದ್ದ. ಮಣ್ಣಿಗೆ ಹೋಗಲಾಗಿರಲಿಲ್ಲ, ನಲವತ್ತನೆಯ ದಿನದ ಊಟಕ್ಕಾದರೂ ಮುಟ್ಟಬೇಕಿತ್ತು.

ದಾರಿಯುದ್ದಕ್ಕೂ ಜೋಳದ ಹೊಲ, ಥಂಡಿ ಗಾಳಿ. ಖಾಸಿಂನ ಮನೆಯಲ್ಲಿ ಮಾಂಸ ಬೇಯುವಾಗ ನಾನು ವಾಸನೆ ಹಿಡಿಯುತ್ತ ಅಂಗಳ ಬಿಟ್ಟು ಏಳುತ್ತಿರಲಿಲ್ಲ. ಖಾಸಿಂ ನಗುತ್ತಿದ್ದ: "ನಿಮ್ಮ ಸ್ವಾಮಿ ಮೂಗಿಗೆ ಲಿಂಗಾ ಕಟ್ಟಿಲ್ಲೇನಲೇ?" ತಿನ್ನು ಎಂದು ಮಾತ್ರ ಒಮ್ಮೆಯೂ ಕರೆದವನಲ್ಲ.

ಸಂಜೆಗೆ ಕಮಲಾಪುರದ ಬಾಳೆತೋಟಗಳು ಕಂಡವು. ಮರುದಿನ ಮಧ್ಯಾಹ್ನ ಊಟ. ನಾವೇ ಬೇಯಿಸಿಕೊಳ್ಳಲೆಂದು ಮನೆಯವರು ವಾಡಿಕೆಯಂತೆ ನಮಗೆ ಅಕ್ಕಿ, ಬೇಳೆ, ಹೊಸ ಗಡಿಗೆ ಕೊಟ್ಟರು. ಬೇವಿನ ಮರದಡಿ ಶಿವರಾಯ ಒಲೆ ಹೂಡಿದ. ಒಳಗೆ ನಾಲ್ವರಿಗೊಂದು ತಬಕು, ಅಂದರೆ ದೊಡ್ಡ ತಟ್ಟೆ. ಒಂದು ತಬಕಿನ ಸುತ್ತ ಮೂವರೇ ಇದ್ದರು. ಖಾಸಿಂ ಕೂಡುತ್ತಿದ್ದ ಜಾಗ ಖಾಲಿ. ನಾನು ಹೋಗಿ ಅಲ್ಲಿ ಕೂತೆ.

ಕುರಿಮಾಂಸದ ಹಬೆ ಮುಖಕ್ಕೆ ಬಡಿಯಿತು. ಬಾಯಲ್ಲಿ ನೀರೂರಿತು, ಕಣ್ಣಲ್ಲಿಯೂ. ತಿಂದರೆ ಹೊರಗೆ ಇಬ್ಬರಿಗೆಂದು ಅನ್ನಕ್ಕಿಟ್ಟ ಶಿವರಾಯನಿಗೆ ಎರಡು ಬಗೆದಂತೆ; ಎದ್ದರೆ ಖಾಸಿಂನನ್ನು ಮತ್ತೊಮ್ಮೆ ಬಿಟ್ಟು ಹೋದಂತೆ. ಕೈ ತಬಕಿನ ಅಂಚಿನಲ್ಲೇ ನಿಂತಿತು. ಅತಿಥಿ ತುತ್ತು ಎತ್ತದೆ ಅವರು ಉಣ್ಣುವಂತಿಲ್ಲ. ಮೂವರೂ ಕೈ ಮಡಚಿ ಕಾದರು.

ಖಾಸಿಂನ ತಾಯಿ ಪರದೆಯಾಚೆಯಿಂದ ಬಂದರು. "ಬೇಟಾ, ಅದು ಖಾಲಿ ಜಾಗಾ ಅಲ್ಲ. ಅವನ ಪಾಲು ಫಕೀರಗ ಹೋಗ್ತದ. ನೀನೇ ಒಯ್ದು ಕೊಡು."

ಅವನ ಪಾಲಿನ ಬೋಗುಣಿ ನಾನೇ ಹೊತ್ತೆ. ಸಾರು ತುಳುಕಿ ಬೆರಳಿಗೆ ತಾಗಿತು. ಬಾಗಿಲಲ್ಲಿ ಕೂತಿದ್ದ ಮುದುಕ ಫಕೀರ ಉಂಡು ಮುಗಿಸುವವರೆಗೂ ಪಕ್ಕದಲ್ಲಿ ಕೂತೆ. ಒಳಗೆ ಅವರು ಉಣ್ಣತೊಡಗಿದ್ದರು.

ಬೇವಿನಡಿ ಶಿವರಾಯ ಇನ್ನೂ ಉಂಡಿರಲಿಲ್ಲ.

"ತಿಂದ್ಯೇನು?" ಎಂದು ಕೇಳಿದ.

"ಇಲ್ಲ."

"ಮನಸ್ಸಾಗಿತ್ತೇನು?"

"ಆಗಿತ್ತು."

ಅವನು ತಂಬಿಗೆ ಎತ್ತಿದ. "ನನಗೂ ಆಗಿತ್ತು," ಎಂದು ನನ್ನ ಕೈಗೆ ನೀರು ಹಾಕಿದ.

ಸಾರು ತಾಗಿದ ಬೆರಳಿಗೆ ಒಲೆಯ ಬೂದಿ ಹಚ್ಚಿ ತಿಕ್ಕಿ ತೊಳೆದೆ. ತಣ್ಣಗಾದ ಅನ್ನ ಇಬ್ಬರೂ ಉಂಡೆವು. ಮರಳಿ ಬರುವಾಗ ಬಾಳೆತೋಟ ಮರೆಯಾಗುವವರೆಗೂ ತಿರುಗಿ ನೋಡಿದೆ. ಆಮೇಲೆ ಬೆರಳು ಮೂಗಿಗೆ ಹಿಡಿದೆ. ಬೂದಿಯ ವಾಸನೆಯಷ್ಟೇ ಇತ್ತು.