ತಮಗೆ ಕಾಣದ್ದನ್ನು ನಂಬಿದ ಮೇಡಂ

ನಮ್ಮ ಮೇಡಂ ಅವರ ಬಲಗೈಯ ಬೆರಳ ತುದಿಗಳು ಯಾವಾಗಲೂ ಆಗಷ್ಟೇ ಬಟ್ಟೆ ಒಗೆದು ಬಂದವರ ಬೆರಳುಗಳ ಹಾಗೆ ಬಿಳಿಚಿಕೊಂಡು, ಸುಕ್ಕುಗಟ್ಟಿರುತ್ತಿದ್ದವು. ಶಂಕರಪುರದ ಕಾಲ ವಿಶ್ವವಿದ್ಯಾಲಯದಲ್ಲಿ ಅವರು ಭವಿಷ್ಯ ವಿಭಾಗದ ಮುಖ್ಯಸ್ಥೆ. ದಿನವಿಡೀ ತಾಮ್ರದ ಬೋಗುಣಿಗಳಲ್ಲಿ ಕೈ ಅದ್ದಿ ನೀರನ್ನು ನಿಲ್ಲಿಸುವುದು ಅವರ ಕೆಲಸ. ಅವರು ಬೆರಳಿಟ್ಟರೆ ಸಾಕು, ನೀರು ಕನ್ನಡಿಯಂತೆ ಅಲುಗಾಡದೆ ನಿಲ್ಲುತ್ತಿತ್ತು. ಆಮೇಲೆ ನಾವು ವಿದ್ಯಾರ್ಥಿಗಳು ಬಗ್ಗಿ ನೋಡಬೇಕು. ಶಕ್ತಿಯಿದ್ದವರಿಗೆ ಮುಂದೆ ಆಗಲಿರುವುದು ಅದರಲ್ಲಿ ಕಾಣುತ್ತಿತ್ತು.

ಆ ವಿಶ್ವವಿದ್ಯಾಲಯದ ಅಂಗಳದ ಸಂಪಿಗೆ ಮರ ಬರುವ ವರ್ಷದ ಹೂವನ್ನು ಈ ವರ್ಷವೇ ಬಿಡುತ್ತಿತ್ತು. ಪಡಸಾಲೆಯಲ್ಲಿ ಸುಮ್ಮನೆ ನಿಂತರೆ ನಾಳೆಯ ಪಾಠದ ಗಂಟೆ ಇವತ್ತೇ ಕೇಳಿಸುತ್ತಿತ್ತು. ಅಲ್ಲಿ ಓದುತ್ತಿದ್ದವರೆಲ್ಲ ಬಸವನಗುಡಿ, ಚಾಮರಾಜಪೇಟೆಯ ಹಳೇ ಮನೆತನಗಳವರು, ತಾತಂದಿರ ಕಾಲದಿಂದ ನೀರು ನೋಡುತ್ತ ಬಂದವರು. ನನ್ನ ಅಪ್ಪ ತರಗುಪೇಟೆಯಲ್ಲಿ ಮೂಟೆ ಹೊರುತ್ತಿದ್ದರು. ನಮ್ಮ ಮನೆಯ ಗೋಡೆಯ ಮೇಲೆ ಇದ್ದದ್ದು ಒಂದೇ ಪಟ, ಬುದ್ಧನದು.

ಸಂದರ್ಶನದ ದಿನ ಕುಲಪತಿಗಳು ಕೇಳಿದರು, "ನಿಮ್ಮನೇಲಿ ಇದಕ್ಕೆ ಮುಂಚೆ ಯಾರಿಗಾದ್ರೂ ಕಾಣ್ತಿತ್ತೇನಮ್ಮ?"

"ಇಲ್ಲ ಸಾರ್."

ಅವರು ಪೆನ್ನು ಕೆಳಗಿಟ್ಟರು. ಪಕ್ಕದಲ್ಲಿದ್ದ ಮೇಡಂ ಆ ಪೆನ್ನನ್ನು ಎತ್ತಿ ಮತ್ತೆ ಅವರ ಕೈಗೆ ಕೊಟ್ಟು, "ಇವಳಿಂದ ಶುರು ಅಂತ ಬರ್ಕೊಳ್ಳಿ" ಎಂದರು. ನಾನು ಸೇರಿದ್ದು ಹಾಗೆ.

ಭವಿಷ್ಯ ಕಲಿಸುವ ಮೇಡಂ ಮಳೆಗಾಲದಲ್ಲೂ ಛತ್ರಿ ತರುತ್ತಿರಲಿಲ್ಲ. ಸಾಯಂಕಾಲ ನಮ್ಮನ್ನು ಕಾಫಿಗೆಂದು ಗಾಂಧಿ ಬಜಾರಿಗೆ ಕರೆದುಕೊಂಡು ಹೊರಟರೆ ಬರುವಾಗ ನೆನೆದು ತೊಪ್ಪೆಯಾಗುತ್ತಿದ್ದರು. ನಾವು ಮುಸಿಮುಸಿ ನಗುತ್ತಿದ್ದೆವು, ಅವರೂ ನಗುತ್ತಿದ್ದರು. ಪಾಠದಲ್ಲಿ ಮಾತ್ರ ತಮಾಷೆ ಇಲ್ಲ. "ಕಂಡಷ್ಟೇ ಹೇಳು, ಒಂದೆಳೆನೂ ಸೇರಿಸ್ಬೇಡ" ಎನ್ನುವುದು ಅವರ ಬಾಯಲ್ಲಿ ದಿನಾ ಇದ್ದ ಮಾತು.

ಎರಡನೇ ವರ್ಷದಲ್ಲಿ ಒಂದು ಬೆಳಗ್ಗೆ ನನ್ನ ಬೋಗುಣಿಯಲ್ಲಿ ಅಪ್ಪ ಕೆಲಸ ಮಾಡುವ ಮಂಡಿಯ ಗೋಡೌನ್ ಕಾಣಿಸಿತು. ಹಮಾಲರು ಒಳಗೆ ಊಟಕ್ಕೆ ಕೂತಿದ್ದರು. ಚಾವಣಿಯ ತೊಲೆ ಮುರಿದು ಅವರ ಮೇಲೆ ಬಿತ್ತು. ಒಂದು ಕೆಂಪು ಟಿಫನ್ ಕ್ಯಾರಿಯರ್ ಉರುಳಿಕೊಂಡು ಬಾಗಿಲವರೆಗೆ ಬಂತು. ನಾನು ಕಿರುಚಿಕೊಂಡೆ.

ಸುದ್ದಿ ಕುಲಪತಿಗಳಿಗೆ ಹೋಯಿತು. ವಿದ್ಯಾರ್ಥಿಗಳು ಕಂಡದ್ದನ್ನು ಹಿರಿಯರೂ ಕಾಣುವವರೆಗೆ ಹೊರಗೆ ಹೇಳಕೂಡದು ಎಂಬುದು ನಿಯಮ. ಹಿರಿಯರೆಲ್ಲ ನೋಡಿದರು, ಯಾರಿಗೂ ಏನೂ ಕಾಣಲಿಲ್ಲ. ಕೊನೆಗೆ ಮೇಡಂ ನೋಡಿದರು.

"ನಂಗೂ ಕಾಣ್ತಿಲ್ಲ" ಎಂದರು.

"ಮತ್ತಿನ್ನೇನು? ಅಪ್ಪನ ಮೇಲಿನ ಚಿಂತೆ, ಅಷ್ಟೇ" ಎಂದರು ಕುಲಪತಿಗಳು.

ಮೇಡಂ ಕೈ ಒರೆಸಿಕೊಂಡು ಚಪ್ಪಲಿ ಮೆಟ್ಟಿದರು. "ಇವಳಿಗೆ ಕಂಡಿದೆ ಸಾರ್. ಅಷ್ಟು ಸಾಕು." ಗೇಟಿನ ಹೊರಗೆ ಬಂದು ತಾವೇ ಆಟೊ ನಿಲ್ಲಿಸಿ ನನ್ನನ್ನು ಹತ್ತಿಸಿಕೊಂಡರು.

ಮಂಡಿಯ ಮಾಲೀಕರು ನಕ್ಕುಬಿಟ್ಟರು. ಅಪ್ಪನಿಗೆ ಮುಜುಗರ. "ನಮ್ಮಿಂದ ನಿಮಗ್ಯಾಕೆ ತೊಂದ್ರೆ ಮೇಡಂ? ಮಗು ಏನೋ ಹೆದರ್ಕೊಂಡಿದೆ."

"ಹೆದರ್ಕೊಂಡಿಲ್ಲ. ನೋಡಿದಾಳೆ" ಎಂದ ಮೇಡಂ ಒಂದು ತೊಗರಿಬೇಳೆ ಮೂಟೆಯನ್ನು ಗೋಡೌನ್ ಬಾಗಿಲಿಗೆ ಅಡ್ಡ ಹಾಕಿಸಿ ಅದರ ಮೇಲೆ ಕೂತರು. "ಊಟದ ಹೊತ್ತಲ್ಲಿ ಯಾರೂ ಒಳಗೆ ಕೂರೋ ಹಾಗಿಲ್ಲ. ಹೋಗೋದಾದ್ರೆ ನನ್ನ ದಾಟ್ಕೊಂಡು ಹೋಗಿ." ಕಾಟನ್ ಸೀರೆಯ ಆ ಹಿರಿಯ ಹೆಂಗಸನ್ನು ದಾಟಲು ಯಾರಿಗೆ ಮನಸ್ಸು ಬಂದೀತು? ಹಮಾಲರು ಗೊಣಗುತ್ತ ಬೀದಿಯಲ್ಲೇ ನೆರಳು ಹುಡುಕಿ ಉಂಡರು.

ಅವತ್ತು ಏನೂ ಆಗಲಿಲ್ಲ. ಮರುದಿನವೂ ಮಧ್ಯಾಹ್ನ ಮೇಡಂ ಹೋಗಿ ಕೂತರು. ಅವತ್ತೂ ಏನೂ ಆಗಲಿಲ್ಲ. ಬೀದಿಯ ಹುಡುಗರು ಮೊಬೈಲಿನಲ್ಲಿ ಅವರ ವಿಡಿಯೊ ಮಾಡಿಕೊಂಡು ನಗತೊಡಗಿದರು. ಕುಲಪತಿಗಳ ಫೋನ್ ಬಂತು. ಕೂಡಲೇ ವಾಪಸ್ ಬರದಿದ್ದರೆ ಹುದ್ದೆ ಹೋಗುತ್ತದೆ ಎಂದರು. ನನಗೆ ಅಳು ತಡೆಯಲಾಗಲಿಲ್ಲ. "ಬಿಟ್ಬಿಡಿ ಮೇಡಂ. ನಂಗೇ ಸುಳ್ಳು ಕಂಡಿರ್ಬೇಕು" ಎಂದೆ.

"ಏನು ಕಂಡೆ? ಇನ್ನೊಂದ್ಸಲ ಹೇಳು."

ಹೇಳಿದೆ. ತೊಲೆ, ಊಟ, ಕೆಂಪು ಕ್ಯಾರಿಯರ್.

ಮೇಡಂ ನನ್ನ ಕಣ್ಣೊರೆಸಿದರು. "ಸುಳ್ಳು ದಿನದಿನಕ್ಕೆ ಬೆಳೆಯುತ್ತೆ ಕಣೇ. ನಿನ್ನದು ಮೊದಲು ಎಷ್ಟಿತ್ತೋ ಅಷ್ಟೇ ಇದೆ. ನಾಳೆನೂ ಬರೋಣ."

ಮಾರನೆಯ ದಿನ ಹಮಾಲರು ಹೊರಗೆ ಬುತ್ತಿ ಬಿಚ್ಚುವ ಹೊತ್ತಿಗೆ ಒಳಗೆ ಲಟಲಟ ಸದ್ದಾಯಿತು. ಅಪ್ಪ ಓಡಿಬಂದು ಮೇಡಂ ಅವರ ರಟ್ಟೆ ಹಿಡಿದು ಬೀದಿಗೆ ಎಳೆದುಕೊಂಡರು. ಹಿಂದೆಯೇ ತೊಲೆ, ಹೆಂಚು, ಅರ್ಧ ಗೋಡೆ ಎಲ್ಲ ಒಟ್ಟಿಗೆ ಕುಸಿದವು. ಬೀದಿಯೆಲ್ಲ ಧೂಳು. ಆ ಧೂಳಿನಲ್ಲಿ ಹಮಾಲರು ಕೈಯಲ್ಲಿ ತುತ್ತು ಹಿಡಿದುಕೊಂಡೇ ನಿಂತಿದ್ದರು, ಒಬ್ಬರೂ ಕಡಿಮೆಯಿರಲಿಲ್ಲ. ಮೇಡಂ ಕೆಮ್ಮುತ್ತಿದ್ದರು. ಅಪ್ಪ ತಮ್ಮ ನೀರಿನ ಬಾಟಲಿ ಚಾಚಿ, ಕೊಡಲೋ ಬೇಡವೋ ಎಂಬಂತೆ ಅರೆಕ್ಷಣ ತಡೆದರು. ಮೇಡಂ ಅದನ್ನು ಕಿತ್ತುಕೊಂಡು ಬಾಯಿಗಿಟ್ಟು ಗಟಗಟ ಕುಡಿದರು.

ನಿಯಮ ಮುರಿದದ್ದಕ್ಕೆ ಅವರ ಮುಖ್ಯಸ್ಥೆಯ ಹುದ್ದೆ ಹೋಗಿಯೇ ಹೋಯಿತು. ಹೊಸಬರಿಗೆ ಬೋಗುಣಿ ತುಂಬುವುದನ್ನು ಕಲಿಸುವ ತರಗತಿಗೆ ಹಾಕಿದರು. ಅದರ ಬಗ್ಗೆ ಅವರು ಒಂದು ಮಾತೂ ಆಡಲಿಲ್ಲ. ಆದರೆ ಗಾಂಧಿ ಬಜಾರಿನಲ್ಲಿ ಕಾಫಿ ಕುಡಿಯುವಾಗ ಪಕ್ಕದಲ್ಲಿ ನಿಂತ ಗುರುತಿಲ್ಲದವರಿಗೂ "ಆ ಗೋಡೌನ್ ಬಿದ್ದದ್ದು ನಮ್ಮ ಹುಡುಗಿಗೆ ಮುಂಚೇನೇ ಕಂಡಿತ್ತು ಗೊತ್ತಾ?" ಎನ್ನುತ್ತಿದ್ದರು. ನಾನು ನಾಚಿ ಲೋಟದಲ್ಲಿ ಮುಖ ಮುಚ್ಚಿಕೊಳ್ಳುತ್ತಿದ್ದೆ.

ಓದು ಮುಗಿಸಿದ ಮೇಲೆ ಒಂದು ದಿನ ಕೇಳಿದೆ, "ನಿಮಗೇ ಕಾಣದೆ ಇದ್ದಾಗ ಹೇಗೆ ನಂಬಿದ್ರಿ?"

"ನಂಗೆ ಕಾಣೋದು ನಿಂತು ಎಷ್ಟೋ ಕಾಲ ಆಗಿತ್ತು ಕಣೇ. ನೀನು ಸೇರೋಕೆ ಮುಂಚೇನೇ." ಗುಟ್ಟು ಹೇಳಿದ ಹಗುರದಲ್ಲಿ ನಕ್ಕರು. "ಕಾಣೋರು ಯಾರು ಅಂತ ಗುರುತು ಹಿಡಿಯೋದೊಂದು ಉಳಿದಿತ್ತು. ಅದೂ ಹೋಗಿದ್ರೆ ಅವತ್ತೇ ಮನೇಗೆ ಹೋಗ್ತಿದ್ದೆ."

ಈಗ ಆ ವಿಭಾಗಕ್ಕೆ ನಾನು ಮುಖ್ಯಸ್ಥೆ. ಅಧಿಕಾರ ವಹಿಸಿಕೊಂಡ ದಿನ ಅಪ್ಪ ಮತ್ತು ಮೇಡಂ ಮುಂದಿನ ಸಾಲಿನಲ್ಲಿ ಅಕ್ಕಪಕ್ಕ ಕೂತಿದ್ದರು. ಉಳಿದವರ ಚಪ್ಪಾಳೆ ನಿಂತ ಮೇಲೂ ಇಬ್ಬರೂ ನಿಲ್ಲಿಸಲಿಲ್ಲ.

ಹೋದ ವರ್ಷ ಮೇಡಂ ಆಸ್ಪತ್ರೆ ಸೇರಿದರು. ಅವರಿಗೆ ಸ್ವಂತದವರು ಯಾರೂ ಇರಲಿಲ್ಲ, ಹಾಗಾಗಿ ನಾನೇ ಜೊತೆಗಿದ್ದೆ. ಸಹಿ ಮಾಡಿಸಿಕೊಳ್ಳಲು ಬಂದ ನರ್ಸ್ ನನ್ನತ್ತ ತಿರುಗಿ, "ನೀವು ಇವರಿಗೆ ಏನಾಗ್ಬೇಕು?" ಎಂದು ಕೇಳಿದಳು. ಮೇಡಂ ಕಣ್ಣು ಮುಚ್ಚಿಕೊಂಡೇ, ಆದರೆ ವಾರ್ಡಿಗೆಲ್ಲ ಕೇಳುವಂತೆ ಹೇಳಿದರು:

"ನಾನು ಇವಳಿಗೆ ಮೇಡಂ ಆಗ್ಬೇಕು."

ಎರಡು ದಿನಕ್ಕೆ ಅವರು ಹೋದರು. ಅಲ್ಲಿಂದೀಚೆಗೆ ನಾನು ಯಾರೆಂದು ಯಾರಾದರೂ ಕೇಳಿದರೆ, ಹುದ್ದೆಗಿಂತ ಮುಂಚೆ ಅವರ ವಿದ್ಯಾರ್ಥಿನಿ ಎಂದೇ ಹೇಳುತ್ತೇನೆ.