ಜವಳದ ದಿನ ಕೈಗೆ ಬಂದ ಕತ್ತರಿ

ಇದು ನಡೆದದ್ದು 1949ರಲ್ಲೋ ಅದರ ಮರುವರ್ಷವೋ, ಖಚಿತವಾಗಿ ಹೇಳಲಾರೆ. ಕ್ಷೌರಿಕ ಹನುಮಂತಪ್ಪ ಅಂದು ಆಡಿದ ಮಾತು ಇಲ್ಲಿ ಬರೆದಷ್ಟು ಅಚ್ಚುಕಟ್ಟಾಗಿತ್ತೋ ಇಲ್ಲವೋ, ಅದೂ ಗೊತ್ತಿಲ್ಲ. ನನ್ನ ನೆನಪಿನ ಮೇಲೆ ನನಗೆ ಅಷ್ಟಾಗಿ ನಂಬಿಕೆಯಿಲ್ಲ.

ಆಗ ನಾನು ಮದ್ರಾಸಿನಲ್ಲಿ ಬಿ.ಎ. ಮುಗಿಸಿ ಸಿರುಗುಪ್ಪದ ಮನೆಗೆ ಬಂದಿದ್ದೆ. ಕುರುಗೋಡಿಗೆ ಕೊಟ್ಟಿದ್ದ ಅಕ್ಕ ಗಂಗಮ್ಮ ಬಾಣಂತನಕ್ಕೆ ನಮ್ಮಲ್ಲೇ ಇದ್ದಳು. ಒಂದು ಬೆಳಿಗ್ಗೆ ಅವಳ ಮಗ ಬಸಣ್ಣನನ್ನು ಎತ್ತಿಕೊಂಡು ಅಡುಗೆಮನೆಯಲ್ಲಿ ನಿಂತಿದ್ದೆ. ಕಾಲ ಬಳಿ ಈಳಿಗೆಯಿತ್ತು. ‘ಮಗುವನ್ನು ಇದರ ಮೇಲೆ ಹಾಕಿಬಿಟ್ಟರೆ?’ ಎಂಬ ಯೋಚನೆ ಎಲ್ಲಿಂದಲೋ ಬಂತು. ಮಗುವನ್ನು ಅಕ್ಕನ ಕೈಗಿತ್ತು ಹೊರಗೆ ಹೋದೆ. ಆ ಯೋಚನೆಯನ್ನು ತಳ್ಳಿದಷ್ಟೂ ಮತ್ತೆ ಬರುತ್ತಿತ್ತು. ನನಗೆ ಹುಚ್ಚು ಹಿಡಿಯುತ್ತಿದೆ, ಒಂದು ದಿನ ಹಾಗೆ ಮಾಡಿಯೇಬಿಡುತ್ತೇನೆ ಎಂದುಕೊಂಡೆ. ಅಂದಿನಿಂದ ಮಗುವನ್ನು ಮುಟ್ಟಲಿಲ್ಲ.

ನಮ್ಮಲ್ಲಿ ಜವಳ ತೆಗೆಯುವಾಗ ಮಗು ಸೋದರಮಾವನ ತೊಡೆಯ ಮೇಲೆ ಕೂರಬೇಕು. ಮೊದಲ ಕೂದಲನ್ನು ಅವನೇ ಕತ್ತರಿಸಬೇಕು. ಅಕ್ಕ ಕುರುಗೋಡಿಗೆ ಮರಳಿದ ಮೇಲೆ, ಮಗುವಿನ ಐದನೇ ತಿಂಗಳಲ್ಲಿ ಜವಳಕ್ಕೆ ಕರೆದಾಗ ಜ್ವರದ ನೆಪ ಹೇಳಿದೆ. ಒಂಬತ್ತರಲ್ಲಿ, ಇಂಥ ಶಾಸ್ತ್ರಗಳಲ್ಲಿ ನನಗೆ ನಂಬಿಕೆಯಿಲ್ಲ ಎಂದು ಕಾಗದ ಬರೆದೆ. ಓದಿದವನಲ್ಲವೇ, ಎಲ್ಲರೂ ನಂಬಿದರು. ಅಕ್ಕ ಮಾತ್ರ ಬಸ್ಸು ಹತ್ತಿ ಬಂದಳು.

“ಲೇ, ಶಾಸ್ತ್ರ ನಂಬಬ್ಯಾಡ, ಬಿಡು. ನಿನ್ನ ಅಳಿಯನ್ನ ಯಾಕ ಮುಟ್ಟವಲ್ಲಿ? ಅವನೂ ಮದ್ರಾಸಿನಾಗ ಪಾಸಾಗಿ ಬರಬೇಕೇನು?”

ಅವಳ ಕಣ್ಣು ತುಂಬಿತ್ತು. ಇಲ್ಲವೆನ್ನಲಾಗದೆ ಕುರುಗೋಡಿಗೆ ಹೋದೆ.

ಅಂಗಳದಲ್ಲಿ ಕ್ಷೌರಿಕ ಹನುಮಂತಪ್ಪ ಕತ್ತಿ ಮಸೆಯುತ್ತಿದ್ದ. ಕತ್ತರಿ ಕೊಡಲು ಬಂದವನನ್ನು ಹಿತ್ತಲಿಗೆ ಕರೆದೊಯ್ದು, ಯಾರಿಗೂ ಹೇಳದ್ದನ್ನು ಅವನಿಗೆ ಹೇಳಿದೆ.

“ಇಷ್ಟ ಏನ್ರಿ?” ಎಂದ. “ಮೂವತ್ತು ವರ್ಷದಿಂದ ಮಂದಿ ಕುತ್ತಿಗಿ ಮ್ಯಾಲ ಕತ್ತಿ ಆಡಸಾಕತ್ತೀನಿ. ಊರ ಗೌಡ್ರ ಗದ್ದ ಹಿಡಿದಾಗ ‘ಒತ್ತಿಬಿಟ್ರ?’ ಅಂತ ನನಗೂ ಬರ್ತೈತಿ. ಅದು ತನ್ನಷ್ಟಕ್ಕ ಬರ್ತೈತಿ, ನಾನು ನನ್ನಷ್ಟಕ್ಕ ಗಡ್ಡ ಹೆರೀತೀನಿ.”

“ಹೆದರಿಕಿ ಆಗಲ್ಲೇನು?”

“ಮೊದಮೊದಲು ಆಗ್ತಿತ್ತು. ಕೊಲ್ಲಾಂವ ಹಿಂಗ ನಡುಗ್ತಾನೇನ್ರಿ? ಬರ್ರಿ, ಕೂಸು ಕಾಯಾಕತ್ತೈತಿ. ಗೌಡ್ರ ಮುಂದ ಮಾತ್ರ ಬಾಯಿ ಬಿಡಬ್ಯಾಡ್ರಿ ಮತ್ತ. ನಾಳಿಂದ ಬ್ಯಾರೆಯವನ್ನ ಕರಸ್ತಾರ!”

ನನಗೆ ನಗು ಬಂತು. ಎಷ್ಟೋ ತಿಂಗಳ ಮೇಲೆ ಬಂದ ನಗು. ಹೋಗಿ ಮಣೆಯ ಮೇಲೆ ಕೂತೆ. ಅಕ್ಕ ಮಗುವನ್ನು ತೊಡೆಯ ಮೇಲೆ ಇಟ್ಟಳು. ಕತ್ತರಿ ಹಿಡಿದೊಡನೆ ಆ ಯೋಚನೆಯೂ ಬಂತು. ಈ ಸಲ ಅದನ್ನು ತಳ್ಳಲಿಲ್ಲ. ಅದು ಇದ್ದಂತೆಯೇ ಒಂದು ಎಳೆ ಕೂದಲು ಕತ್ತರಿಸಿದೆ. ಉಳಿದದ್ದನ್ನು ಹನುಮಂತಪ್ಪ ಬೋಳಿಸಿದ.

ಅಷ್ಟಕ್ಕೇ ಎಲ್ಲ ವಾಸಿಯಾಯಿತೆಂದರೆ ಸುಳ್ಳಾದೀತು. ಮುಂದೆ ಬಳ್ಳಾರಿಯ ಕೌಲ್ ಬಜಾರಿನ ವೈದ್ಯರೊಬ್ಬರನ್ನು ಕಂಡೆ. ಇಂಥ ಬೇಡದ ಯೋಚನೆ ಒಮ್ಮೊಮ್ಮೆ ಯಾರಿಗಾದರೂ ಬರುತ್ತದೆ, ಬಂದ ಮಾತ್ರಕ್ಕೆ ಅದು ಹುಚ್ಚೂ ಅಲ್ಲ, ಮನಸ್ಸಿನ ಆಸೆಯೂ ಅಲ್ಲ ಎಂದರು. ಆದರೆ ಅದಕ್ಕೆ ಹೆದರಿ ಮಗುವನ್ನೇ ಮುಟ್ಟದಷ್ಟಾದರೆ ಅದೊಂದು ಕಾಯಿಲೆ, ನಾಚಿಕೆಯಿಲ್ಲದೆ ಬಂದು ತೋರಿಸಿಕೊಳ್ಳಬೇಕು ಎಂದೂ ಹೇಳಿದರು. ಹಲವು ಸಲ ಹೋದೆ. ಈಗಲೂ ಎಂದಾದರೊಮ್ಮೆ ಆ ಯೋಚನೆ ಬರುತ್ತದೆ, ಹೋಗುತ್ತದೆ. ನಾನು ನೆಮ್ಮದಿಯಾಗಿದ್ದೇನೆ.

ಅಂದು ಬಸಣ್ಣ ನನ್ನ ತೊಡೆಯ ಮೇಲೆ ಚೀರಿ ಚೀರಿ ಅತ್ತನೆಂದೇ ನನ್ನ ನೆನಪು. ಕೆಲವು ವರ್ಷಗಳ ಮೇಲೆ ಅಕ್ಕನನ್ನೂ ಹನುಮಂತಪ್ಪನನ್ನೂ ಬೇರೆ ಬೇರೆಯಾಗಿ ಕೇಳಿದೆ. ಇಬ್ಬರೂ ಹೇಳಿದ್ದು ಒಂದೇ: ತಲೆ ಅರ್ಧ ಬೋಳಿಸುವಷ್ಟರಲ್ಲಿ ಮಗು ನನ್ನ ಎದೆಗೊರಗಿ ನಿದ್ದೆ ಹೋಗಿತ್ತು.